ಆಟಿಯ ಅಬ್ಬಿ, ಸುಗ್ಗಿಯ ಹೊಳೆ



ಉಪ್ಪಿನಂಗಡಿಯಿಂದ ನೆಲ್ಯಾಡಿ, ಗುಂಡ್ಯಗಳನ್ನು ದಾಟಿ ಶಿರಾಡಿ ಘಾಟಿಯನ್ನೇರುವ ಹೆದ್ದಾರಿಯಲ್ಲಿ ಆಟಿ ತಿಂಗಳಲ್ಲಿ ಸಾಗುವವರಿಗೆ ಜಲಪಾತಗಳ ಲೆಕ್ಕ ತಪ್ಪಿಹೋಗುತ್ತದೆ. ತಿರುವಿಗೊಂದರಂತೆ ಬಿಳಿಯ ನೀರು ಬಂಡೆಯಿಂದಿಳಿದು, ಮೋರಿಯೊಳಗೆ ನುಸುಳಿ, ರಸ್ತೆಯ ಇನ್ನೊಂದು ಬದಿಯಲ್ಲಿ ಕೆಂಪುಹೊಳೆಯನ್ನು ಸೇರುತ್ತದೆ. ವಾಹನಗಳು ಸಾಲುಗಟ್ಟಿ ನಿಲ್ಲುತ್ತವೆ. ಫೋಟೋ ತೆಗೆದು, ಸುಟ್ಟ ಜೋಳ ತಿಂದು, ತಟ್ಟೆ ಲೋಟಗಳನ್ನು ನೀರಿಗೇ ಎಸೆದು ಜನ ಮುಂದೆ ಹೋಗುತ್ತಾರೆ. ಅದೇ ರಸ್ತೆಯಲ್ಲಿ ಸುಗ್ಗಿ ತಿಂಗಳಲ್ಲಿ, ಎಂದರೆ ಮಾರ್ಚ್ ಕಳೆದು ಏಪ್ರಿಲ್ ಹತ್ತಿರವಾಗುವಾಗ, ಹೋಗಿ ನೋಡಿದರೆ ಆ ಜಲಪಾತಗಳಲ್ಲಿ ಬಹುಪಾಲು ಅಲ್ಲಿರುವುದಿಲ್ಲ. ಬಂಡೆಯ ಮೇಲೆ ಒಣಗಿದ ಪಾಚಿಯ ಕಪ್ಪು ಗೆರೆ ಮಾತ್ರ ಉಳಿದಿರುತ್ತದೆ. ಆದರೆ ಎಲ್ಲವೂ ಹೋಗಿರುವುದಿಲ್ಲ. ಮರಗಳ ನೆರಳು ದಟ್ಟವಾಗಿರುವ ಕೆಲವು ಕಣಿವೆಗಳಲ್ಲಿ ಬೆರಳು ಗಾತ್ರದ್ದೋ ಕೈಗಾತ್ರದ್ದೋ ನೀರು ಬೀಳುತ್ತಲೇ ಇರುತ್ತದೆ. ಅದನ್ನು ನೋಡಲು ಯಾವ ವಾಹನವೂ ನಿಲ್ಲುವುದಿಲ್ಲ.

ಇಂದಿನ ಮಾತು ಆ ಉಳಿದ ನೀರನ್ನು ಕುರಿತದ್ದು.

ಮಳೆಗಾಲದಲ್ಲಿ ಒಂದೇ ತೆರನಾಗಿ ಕಾಣುವ ಈ ಅಬ್ಬಿಗಳಲ್ಲಿ ವಾಸ್ತವವಾಗಿ ಎರಡು ಜಾತಿಗಳಿವೆ. ಒಂದು, ಗುಡ್ಡವನ್ನು ಕಡಿದು ರಸ್ತೆ ಮಾಡಿದಾಗ ಹುಟ್ಟಿದ್ದು. ಇಳಿಜಾರಿನಲ್ಲಿ ಮಣ್ಣಿನೊಳಗೆ ಮೆಲ್ಲನೆ ಹರಿಯುತ್ತಿದ್ದ ನೀರಿನ ದಾರಿ ಕಡಿದುಹೋಗಿ, ಆ ನೀರು ಕಡಿದ ಗೋಡೆಯಿಂದ ಹೊರಬಿದ್ದು ಧುಮುಕುತ್ತದೆ. ಅಥವಾ ಮೇಲಿನ ಬೋಳು ಗುಡ್ಡದಲ್ಲಿ ಇಂಗದೆ ಹರಿದ ಮಳೆ ನೀರು ಅಲ್ಲಿ ಬಂದು ಬೀಳುತ್ತದೆ. ಮಳೆ ನಿಂತು ಕೆಲವೇ ದಿನಗಳಲ್ಲಿ ಅದರ ಆಯುಷ್ಯ ಮುಗಿಯುತ್ತದೆ. ಇನ್ನೊಂದು, ಕಾಡಿನೊಳಗಿನ ಒರತೆಯಿಂದ ಹೊರಟು ಸಾವಿರಾರು ವರ್ಷಗಳಿಂದ ತನ್ನ ದಾರಿಯನ್ನು ತಾನೇ ಕೊರೆದುಕೊಂಡ ತೊರೆ. ಇದರ ಆರ್ಭಟ ಆಟಿಯಲ್ಲಿ ಮೊದಲನೆಯದಕ್ಕಿಂತ ಕಡಿಮೆಯೂ ಇರಬಹುದು. ಹೊಳೆಯನ್ನು ಬೇಸಿಗೆಯಲ್ಲಿ ಬದುಕಿಸುವುದು ಮಾತ್ರ ಇದೇ. ಅಬ್ಬಿಯ ಯೋಗ್ಯತೆಯನ್ನು ಅದರ ಎತ್ತರದಿಂದಲ್ಲ, ಅದು ಬತ್ತುವ ದಿನಾಂಕದಿಂದ ಅಳೆಯಬೇಕು.

ಈ ಮಾತು ತೋಟವಿರುವವರಿಗೆ ಬೇಗ ಅರ್ಥವಾಗುತ್ತದೆ. ಒಂದು ಹೆಕ್ಟೇರ್ ನೆಲದ ಮೇಲೆ ಒಂದು ಸೆಂಟಿಮೀಟರ್ ಮಳೆ ಬಿದ್ದರೆ ಅದು 1 ಲಕ್ಷ ಲೀಟರ್ ನೀರು. ಒಂದು ಎಕರೆಯಲ್ಲಿ ಸುಮಾರು 550 ಅಡಿಕೆ ಮರಗಳಿದ್ದು, ಬೇಸಿಗೆಯ ಒಂದು ಸರದಿಗೆ ಮರವೊಂದಕ್ಕೆ 175 ಲೀಟರಿನಂತೆ ಕೊಟ್ಟರೆ ಅದೂ ಹತ್ತಿರ ಹತ್ತಿರ 1 ಲಕ್ಷ ಲೀಟರೇ ಆಗುತ್ತದೆ. ಮಾರ್ಚ್ ಮೊದಲಿನಿಂದ ಮೇ ಕೊನೆಯವರೆಗೆ ನಾಲ್ಕು ದಿನಗಳಿಗೊಮ್ಮೆ ನೀರು ಹಾಯಿಸಿದರೆ ಇಪ್ಪತ್ತಮೂರು ಸರದಿ, 23 ಲಕ್ಷ ಲೀಟರ್. ಘಟ್ಟದ ಈ ಮಗ್ಗುಲಿನಲ್ಲಿ ವರ್ಷಕ್ಕೆ 4000 ಮಿಲಿಮೀಟರ್ ಮಳೆ ಎಂದು ಹಿಡಿದರೂ ಒಂದು ಹೆಕ್ಟೇರ್ ಕಾಡಿನ ಮೇಲೆ ಬೀಳುವ ನೀರು 4 ಕೋಟಿ ಲೀಟರ್. ಅದರಲ್ಲಿ ನೂರಕ್ಕೆ ಆರು ಪಾಲನ್ನು ಆ ಕಾಡು ತನ್ನ ಹೊಟ್ಟೆಯಲ್ಲಿಟ್ಟುಕೊಂಡು ಬೇಸಿಗೆಯ ಮೂರು ತಿಂಗಳಲ್ಲಿ ಹೊಳೆಗೆ ಬಿಟ್ಟುಕೊಟ್ಟರೆ, ಕೆಳಗೆ ಒಂದು ಎಕರೆ ತೋಟ ಹಳೆಯ ಕ್ರಮದಲ್ಲೇ ನೀರುಣ್ಣಬಹುದು. ಹನಿ ನೀರಾವರಿ ಮಾಡಿಕೊಂಡವರಿಗೆ ಇದರ ಅರ್ಧವೂ ಬೇಕಾಗದು. ಇದು ಕಾಗದದ ಮೇಲಿನ ಗುಣಾಕಾರ. ನಡುವೆ ಆವಿಯಾಗುವುದು, ಇತರರು ಬಳಸುವುದು ಎಲ್ಲವೂ ಇದೆ. ಆದರೂ ಪ್ರಶ್ನೆ ಎಲ್ಲಿದೆ ಎಂಬುದನ್ನು ಈ ಲೆಕ್ಕ ತೋರಿಸುತ್ತದೆ. ಕೊರತೆ ಮಳೆಯದ್ದಲ್ಲ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಸುರಿದದ್ದು ಮಾರ್ಚಿನಲ್ಲಿ ಎಲ್ಲಿರುತ್ತದೆ ಎಂಬುದಷ್ಟೇ ಪ್ರಶ್ನೆ.

ಅದು ಇರುವುದು ಮಣ್ಣಿನಲ್ಲಿ. ನಿತ್ಯಹರಿದ್ವರ್ಣದ ಕಾಡಿನಲ್ಲಿ ಮಳೆಹನಿ ನೇರವಾಗಿ ನೆಲಕ್ಕೆ ಬಡಿಯುವುದಿಲ್ಲ. ಧೂಪ, ನಾಗಸಂಪಿಗೆಗಳ ಮೇಲ್ಚಾವಣಿ, ಅದರ ಕೆಳಗೆ ಬಲಗಿ, ರಾಮಪತ್ರೆಗಳು, ಅವುಗಳ ಕೆಳಗೆ ಬೆತ್ತ, ವಾಟೆ, ಜರೀಗಿಡಗಳು, ಕೊನೆಗೆ ದರಗಿನ ಹಾಸು. ಇಷ್ಟು ಮಜಲುಗಳನ್ನು ಇಳಿದು ಬರುವ ಹೊತ್ತಿಗೆ ಹನಿಯ ಪೆಟ್ಟು ತಗ್ಗಿರುತ್ತದೆ. ದರಗಿನ ಕೆಳಗಿನ ಮಣ್ಣು ಎರೆಹುಳು, ಗೆದ್ದಲು, ಸತ್ತ ಬೇರುಗಳ ರಂಧ್ರಗಳಿಂದ ಜರಡಿಯಂತಾಗಿರುತ್ತದೆ. ನೀರು ಅಲ್ಲಿ ಇಳಿದು, ಬಂಡೆಯ ಸೀಳುಗಳನ್ನು ಹುಡುಕಿ, ತಿಂಗಳುಗಳ ಬಳಿಕ ಎಲ್ಲೋ ಒಂದು ಕಡೆ ಒರತೆಯಾಗಿ ಏಳುತ್ತದೆ. ದರಗನ್ನು ಗುಡಿಸಿ ತೆಗೆದ, ಬೆಂಕಿ ಬಿದ್ದ, ದನ ಮತ್ತು ಯಂತ್ರಗಳ ತುಳಿತಕ್ಕೆ ಗಟ್ಟಿಯಾದ ನೆಲದಲ್ಲಿ ಇದೇ ಮಳೆ ಕೆಂಪು ನೀರಾಗಿ ಅಂದೇ ಹೊಳೆಗೆ ಇಳಿಯುತ್ತದೆ. ತೋಟಕ್ಕೆ ಸೊಪ್ಪು, ದರಗು ತರುವ ಕೃಷಿಕರಿಗೆ ಇದು ಸ್ವಲ್ಪ ಕಹಿಯಾದ ಮಾತು. ಕಾಡಿನ ನೆಲವನ್ನು ಪೂರ್ತಿ ಬೋಳು ಮಾಡದೆ ತರುವ ಶಿಸ್ತು ಹಿಂದೆ ಇತ್ತು, ಈಗಲೂ ಸಾಧ್ಯವಿದೆ.

ಈ ನೀರಿನ ದಾರಿಯನ್ನು ಒಮ್ಮೆ ನಕ್ಷೆಯಲ್ಲಿ ನೋಡಬೇಕು. ಸಕಲೇಶಪುರದ ಕಡೆಯಿಂದ ಇಳಿಯುವ ಕೆಂಪುಹೊಳೆ, ಎತ್ತಿನಹೊಳೆ, ಕಾಡುಮನೆಹೊಳೆ, ಕೇರಿಹೊಳೆ, ಹೊಂಗಡಹಳ್ಳಗಳು ಕೂಡಿ ಗುಂಡ್ಯ ಹೊಳೆಯಾಗುತ್ತವೆ. ಹೊಸ್ಮಠದ ಹಳೆಯ ಮುಳುಗು ಸೇತುವೆ ಇದ್ದಾಗ ಈ ಹೊಳೆ ಪ್ರತಿ ಮಳೆಗಾಲ ಕಡಬದ ದಾರಿಯನ್ನು ಮುಚ್ಚುತ್ತಿದ್ದುದು ಹಿರಿಯರಿಗೆಲ್ಲ ನೆನಪಿರುತ್ತದೆ. ಅತ್ತ ಪುಷ್ಪಗಿರಿಯ ಮಡಿಲಿನಿಂದ ಹೊರಟು, ಕೊಡಗಿನ ಮಲ್ಲಳ್ಳಿಯಲ್ಲಿ ಜಲಪಾತವಾಗಿ ಧುಮುಕಿ, ಸುಬ್ರಹ್ಮಣ್ಯದಲ್ಲಿ ಭಕ್ತರಿಗೆ ತೀರ್ಥವಾಗಿ ಹರಿಯುವ ಕುಮಾರಧಾರೆ ಗುಂಡ್ಯ ಹೊಳೆಯನ್ನು ಸೇರಿಸಿಕೊಂಡು ಉಪ್ಪಿನಂಗಡಿಯಲ್ಲಿ ನೇತ್ರಾವತಿಯೊಡನೆ ಸಂಗಮಿಸುತ್ತದೆ. ಸಂಗಮಕ್ಕೆ ತುಸು ಮೊದಲು ನೆಕ್ಕಿಲಾಡಿಯಲ್ಲಿ ಕಟ್ಟಿದ ಕಿಂಡಿ ಅಣೆಕಟ್ಟಿನಿಂದ ಪುತ್ತೂರು ಪೇಟೆಗೆ ಕುಡಿಯುವ ನೀರು ಹೋಗುತ್ತದೆ. ಇನ್ನೂ ಕೆಳಗೆ ತುಂಬೆಯ ಅಣೆಕಟ್ಟಿನಿಂದ ಮಂಗಳೂರು ನಗರ ಕುಡಿಯುತ್ತದೆ. ಸುಳ್ಯದ್ದು ಬೇರೆ ಕಣಿವೆ. ಸಂಪಾಜೆಯ ಮೂಲಕ ಬರುವ ಪಯಸ್ವಿನಿ ಸುಳ್ಯ ಪೇಟೆಯನ್ನು ದಾಟಿ, ಕಾಸರಗೋಡಿನಲ್ಲಿ ಚಂದ್ರಗಿರಿ ಎನಿಸಿಕೊಂಡು ಕಡಲು ಸೇರುತ್ತದೆ. ಕಣಿವೆ ಬೇರೆಯಾದರೂ ಕತೆ ಒಂದೇ. ಬೇಸಿಗೆಯಲ್ಲಿ ನಳ್ಳಿ ತಿರುಗಿಸುವ ಪೇಟೆಯ ಮನೆಯೂ, ಹೊಳೆಗೆ ಪಂಪು ಇಟ್ಟ ತೋಟವೂ ಘಟ್ಟದ ಯಾವುದೋ ಹೆಸರಿಲ್ಲದ ಅಬ್ಬಿಯ ಋಣದಲ್ಲಿವೆ.

ಇನ್ನು ಕಾಡಿನ ಜೀವಿಗಳು. ರಸ್ತೆಯ ಬದಿಯಲ್ಲಿ ಕಾಣುವ ಮಂಗವನ್ನು ಕಂಡು ವನ್ಯಜೀವಿ ನೋಡಿದೆವೆಂದು ಸಂತೋಷಪಡುವವರು ಬಹಳ. ಬಾಳೆಹಣ್ಣಿಗೂ ಬಿಸ್ಕತ್ತಿಗೂ ಕೈಯೊಡ್ಡುವ ಆ ಮಂಗಗಳು ಊರ ಮಂಗಗಳು. ತಿನ್ನಲು ಕೊಟ್ಟು ಕೊಟ್ಟು ಅವುಗಳನ್ನು ಚಕ್ರದಡಿಗೆ ಕರೆತಂದವರು ಪ್ರಯಾಣಿಕರೇ. ಅಭ್ಯಾಸ ಕೆಟ್ಟ ಹಿಂಡು ಬಳಿಕ ತೋಟಕ್ಕೆ ನುಗ್ಗಿದರೆ ಬೈಗುಳ ಮಾತ್ರ ಮಂಗಗಳಿಗೆ. ಈ ಕಾಡಿನ ನಿಜವಾದ ಒಡೆಯ ಸಿಂಗಳೀಕ. ಮುಖದ ಸುತ್ತ ಬೂದು ಬಣ್ಣದ ಕೇಸರ, ಬಾಲದ ತುದಿಯಲ್ಲಿ ಸಿಂಹದ್ದರಂತಹ ಕುಚ್ಚು. ಲೋಕದಲ್ಲಿ ಪಶ್ಚಿಮಘಟ್ಟವನ್ನು ಬಿಟ್ಟು ಬೇರೆಲ್ಲಿಯೂ ಕಾಡಿನಲ್ಲಿ ಇದು ಇಲ್ಲ. ಮರದಿಂದ ಮರಕ್ಕೆ ಸಾಗುವ ಇದು ನೆಲಕ್ಕಿಳಿಯುವುದು ಅಪರೂಪ. ಆದ್ದರಿಂದ ಕೊಂಬೆಗೆ ಕೊಂಬೆ ತಾಗುವ ಕಾಡು ಇದಕ್ಕೆ ಬೇಕು. ರಸ್ತೆಯ ಎರಡು ಬದಿಯ ಮರಗಳು ಮೇಲೆ ಕೈ ಕೂಡಿಸಿದ್ದಷ್ಟು ದಿನ ಸಿಂಗಳೀಕಕ್ಕೆ ರಸ್ತೆ ಇಲ್ಲ. ಅಗಲ ಮಾಡಿ ಮರ ಕಡಿದ ದಿನ ಒಂದು ಹಿಂಡಿನ ಸೀಮೆ ಎರಡಾಗುತ್ತದೆ.

ಮಂಗಟ್ಟೆಯದ್ದೂ ಹೀಗೆಯೇ. ದೊಡ್ಡ ಮರದ ಪೊಟರೆಯಲ್ಲಿ ಹೆಣ್ಣು ತನ್ನನ್ನು ತಾನೇ ಮುಚ್ಚಿಕೊಂಡು ಮೊಟ್ಟೆಗೆ ಕೂರುತ್ತದೆ. ಗಂಡು ಸೀಳಿನಷ್ಟು ಕಿಂಡಿಯಿಂದ ಅತ್ತಿ, ಗೋಳಿ, ರಾಮಪತ್ರೆಯ ಹಣ್ಣುಗಳನ್ನು ವಾರಗಟ್ಟಲೆ ತಂದುಣಿಸುತ್ತದೆ. ಇದು ನಡೆಯುವುದು ಹೊಳೆ ಬಡಕಲಾಗುವ ಬೇಸಿಗೆಯಲ್ಲೇ. ಹೀಗೆ ಸಾಗಿಸಿದ ಹಣ್ಣಿನ ಬೀಜಗಳು ಗುಡ್ಡದಿಂದ ಗುಡ್ಡಕ್ಕೆ ಬಿದ್ದು ಮರವಾಗುತ್ತವೆ. ಇಲಾಖೆಯ ನರ್ಸರಿಯಲ್ಲಿ ಅಕೇಶಿಯ ಸಸಿ ಬೆಳೆಸುವುದು ಸುಲಭ. ತೊರೆಯ ಬದಿಗೆ ರಾಮಪತ್ರೆ ನೆಡುವ ಕೆಲಸವನ್ನು ಮಂಗಟ್ಟೆ, ಸಿಂಗಳೀಕ, ಪುನುಗು ಬೆಕ್ಕುಗಳು ಸಂಬಳವಿಲ್ಲದೆ ಮಾಡುತ್ತಿವೆ.

ಆದರೆ ಈ ರಸ್ತೆಯ ಅಬ್ಬಿಗಳಿಗೆ ಅತ್ಯಂತ ಹತ್ತಿರದ ಜೀವಿ ಇವು ಯಾವುವೂ ಅಲ್ಲ. ಅದು ಕಪ್ಪೆ. ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ಪ್ರಾಣಿಶಾಸ್ತ್ರ ಕಲಿಸುತ್ತಿದ್ದ ಸಿ. ಆರ್. ನಾರಾಯಣ ರಾವ್ ಅವರು 1937ರಲ್ಲೇ ಕೆಂಪುಹೊಳೆಯ ಕಾಡಿನಿಂದ ಹೊಸ ಕಪ್ಪೆಗಳನ್ನು ವಿವರಿಸಿದರು. ಅವುಗಳಲ್ಲೊಂದು ಇಂದಿಗೂ ತನ್ನ ಶಾಸ್ತ್ರೀಯ ಹೆಸರಿನಲ್ಲಿ ಕೆಂಪುಹೊಳೆಯನ್ನು ಹೊತ್ತುಕೊಂಡಿದೆ: ನಿಕ್ಟಿಬಟ್ರಾಕಸ್ ಕೆಂಪ್‌ಹೊಲೆಯೆನ್ಸಿಸ್. 1986ರಲ್ಲಿ ಫ್ರಾನ್ಸಿನ ದ್ಯುಬುವಾ ಇನ್ನೊಂದು ಕಪ್ಪೆಗೆ ಗುಂಡ್ಯದ ಹೆಸರನ್ನಿಟ್ಟರು: ಇಂಡಿರಾನಾ ಗುಂಡಿಯಾ. ಚಹಾ ಕುಡಿಯಲು ಬಸ್ಸು ನಿಲ್ಲುವ ಊರೆಂದು ಮಾತ್ರ ಪ್ರಯಾಣಿಕರು ಅರಿತ ಗುಂಡ್ಯ, ಜೀವಶಾಸ್ತ್ರದ ಗ್ರಂಥಗಳಲ್ಲಿ ಒಂದು ಜೀವಿಯ ಜನ್ಮಸ್ಥಳ. ಈ ಇಂಡಿರಾನಾ ಕುಲದ ಮರಿಗಳ ಬಾಳು ವಿಚಿತ್ರ. ಗೊದಮೊಟ್ಟೆ ಎಂದರೆ ಹೊಂಡದ ನೀರಿನಲ್ಲಿ ಈಜುವುದೆಂದು ಮಕ್ಕಳು ಪಾಠದಲ್ಲಿ ಓದುತ್ತಾರೆ. ಈ ಕುಲದ ಗೊದಮೊಟ್ಟೆಗಳು ಹೊಂಡಕ್ಕಿಳಿಯುವುದಿಲ್ಲ. ಒದ್ದೆ ಬಂಡೆಯ ಮೈಮೇಲೆ, ಕಾಗದದಷ್ಟು ತೆಳುವಾದ ನೀರಿನ ಪೊರೆಯಲ್ಲಿ ಅಂಟಿಕೊಂಡು ಪಾಚಿ ಕೆರೆದು ತಿನ್ನುತ್ತವೆ. ಹಿಂಗಾಲುಗಳು ಬೇಗನೆ ಮೂಡುತ್ತವೆ. ಮುಟ್ಟಲು ಹೋದರೆ ಬಂಡೆಯ ಮೇಲೆಯೇ ಚಿಮ್ಮಿ ತಪ್ಪಿಸಿಕೊಳ್ಳುತ್ತವೆ. ಪ್ರವಾಸಿಗರು ಬೆನ್ನು ಕೊಟ್ಟು ನಿಂತು ಫೋಟೋ ತೆಗೆಸಿಕೊಳ್ಳುವ ಒದ್ದೆ ಬಂಡೆ, ಹೀಗೆ ನೋಡಿದರೆ, ಒಂದು ತೊಟ್ಟಿಲು. ಅದರ ಮೇಲೆ ಶಾಂಪೂ ನೊರೆ ಹರಿದರೆ, ಬಂಡೆಯ ಬದಲು ಸಿಮೆಂಟಿನ ಗೋಡೆ ಬಂದರೆ, ಮೇಲಿನ ಮರ ಹೋಗಿ ಬಿಸಿಲು ಬಿದ್ದರೆ ತೊಟ್ಟಿಲು ಬರಿದಾಗುತ್ತದೆ. ವಿದ್ಯಾರ್ಥಿಗಳು ಟಾರ್ಚು ಹಿಡಿದು ಹಿರಿಯರೊಡನೆ ಒಂದು ರಾತ್ರಿ ತಮ್ಮೂರಿನ ತೊರೆಯ ಬದಿಗೆ ಹೋಗಿ ನೋಡಬೇಕು. ಹಿಡಿಯುವುದು ಬೇಡ, ನೋಡುವುದು ಮಾತ್ರ.

ತೊಡಿಕಾನದ ಮತ್ಸ್ಯತೀರ್ಥದಲ್ಲಿ ತುಳುವರು ಪೆರುವೊಲ್ ಎಂದು ಕರೆಯುವ ದೊಡ್ಡ ಮೀನುಗಳು ಶತಮಾನಗಳಿಂದ ಉಳಿದಿವೆ. ದೇವರ ಮೀನೆಂಬ ಭಯಭಕ್ತಿ ಅವುಗಳನ್ನು ಉಳಿಸಿತು. ಅಲ್ಲಿಂದ ಸ್ವಲ್ಪ ಮೇಲೆ ದೇವರಗುಂಡಿ ಜಲಪಾತ. ಅಬ್ಬಿ, ಕಾಡು, ಮೀನು ಮೂರನ್ನೂ ಒಂದೇ ದೇವರ ಹೆಸರಿಗೆ ಬರೆದಿಟ್ಟ ಹಿರಿಯರ ಲೆಕ್ಕಾಚಾರವನ್ನು ಮೂಢನಂಬಿಕೆಯೆಂದು ನಗುವವರು, ಅದಕ್ಕಿಂತ ಉತ್ತಮವಾಗಿ ಕೆಲಸ ಮಾಡಿದ ಒಂದು ಸರಕಾರಿ ಆದೇಶವನ್ನು ತೋರಿಸಲಿ.

ಈಗ ರಸ್ತೆಯ ವಿಷಯ. ರಸ್ತೆ ಬೇಡವೆಂದು ಯಾರೂ ಹೇಳುತ್ತಿಲ್ಲ. ಗುಡ್ಡದ ಹಳ್ಳಿಯಿಂದ ರೋಗಿಯನ್ನು ಮಂಗಳೂರಿಗೆ ಒಯ್ಯುವವರಿಗೆ ರಸ್ತೆಯ ಬೆಲೆ ಗೊತ್ತು. ಶಿರಾಡಿ ಘಾಟಿಯನ್ನು 2015ರಲ್ಲಿಯೂ 2018ರಲ್ಲಿಯೂ ತಿಂಗಳುಗಟ್ಟಲೆ ಮುಚ್ಚಿ ಕಾಂಕ್ರೀಟು ಹಾಕಿದಾಗ ಜನ ಸಹಿಸಿಕೊಂಡರು. ಆದರೆ ಗುಡ್ಡದ ಬುಡವನ್ನು ನೇರವಾಗಿ ಕಡಿದು ನಿಲ್ಲಿಸಿದರೆ ಏನಾಗುತ್ತದೆ ಎಂಬುದನ್ನು ಮಣ್ಣೇ ಹೇಳಿದೆ. ಮೇಲೆ ಮುರಕಲ್ಲಿನ ಪದರ, ಅದರ ಕೆಳಗೆ ಶೇಡಿ ಮಣ್ಣು. ಒಣಗಿದ್ದಾಗ ಗಟ್ಟಿಯಾಗಿ ಕಾಣುವ ಶೇಡಿ, ನೀರು ಕುಡಿದು ತುಂಬಿದಾಗ ಸೋಪಿನಂತೆ ಜಾರುತ್ತದೆ. ನೀರು ಹೊರಹೋಗುವ ದಾರಿಯನ್ನು ಮುಚ್ಚಿ, ಗುಡ್ಡಕ್ಕೆ ಆಸರೆಯಾಗಿದ್ದ ಪಾದವನ್ನೂ ಕಡಿದರೆ ಮೇಲಿನ ಭಾರ ಇಳಿಯಲೇಬೇಕು. 2018ರ ಆಗಸ್ಟಿನಲ್ಲಿ ಸುಳ್ಯ ಮಡಿಕೇರಿ ರಸ್ತೆಯ ಜೋಡುಪಾಲದಲ್ಲಿ ಗುಡ್ಡ ಇಳಿಯಿತು. ಅದೇ ಮಳೆಗೆ ಸಕಲೇಶಪುರ ಸುಬ್ರಹ್ಮಣ್ಯ ರೈಲು ಹಾದಿಯೂ ಹಲವೆಡೆ ಮುಚ್ಚಿಹೋಯಿತು. 2022ರ ಆಗಸ್ಟಿನ ಮೊದಲ ದಿನ ಸುಬ್ರಹ್ಮಣ್ಯದಲ್ಲಿ ಮನೆಯ ಮೇಲೆ ಗುಡ್ಡ ಕುಸಿದು ಇಬ್ಬರು ಎಳೆಯ ಮಕ್ಕಳು ತೀರಿಕೊಂಡರು. ಕೊಲ್ಲಮೊಗ್ರು, ಹರಿಹರ ಪಳ್ಳತ್ತಡ್ಕಗಳು ನೆರೆಯಲ್ಲಿ ನಲುಗಿದವು. 2024ರ ಜುಲೈಯಲ್ಲಿ ದೊಡ್ಡತಪ್ಪಲಿನಲ್ಲಿ ಹೆದ್ದಾರಿಯ ಮೇಲೆಯೇ ಮಣ್ಣು ಬಿತ್ತು. ಇವೆಲ್ಲಕ್ಕೂ ಒಂದೇ ಕಾರಣವಿಲ್ಲ. ಅಸಾಧಾರಣ ಮಳೆಯ ಪಾಲೂ ಇದೆ. ಆದರೆ ಮಳೆಯನ್ನು ತಡೆಯುವ ಅಧಿಕಾರ ಯಾವ ಇಲಾಖೆಗೂ ಇಲ್ಲ, ಗುಡ್ಡವನ್ನು ಎಷ್ಟು ಓರೆಯಾಗಿ ಕಡಿಯಬೇಕೆಂದು ತೀರ್ಮಾನಿಸುವ ಅಧಿಕಾರ ಇದೆ.

ಎತ್ತರದ ತಡೆಗೋಡೆಗಳಿಂದ ಇನ್ನೊಂದು ತೊಂದರೆ ಬರುತ್ತದೆ. ಆನೆ ಹೊಳೆಗೆ ಇಳಿಯುವ ದಾರಿ ಪೀಳಿಗೆಗಳಿಂದ ಒಂದೇ. ಅಲ್ಲಿ ಗೋಡೆ ಎದ್ದರೆ ಅದು ಹಿಂತಿರುಗಿ ಹೋಗುವುದಿಲ್ಲ, ಗೋಡೆ ಮುಗಿಯುವ ತನಕ ಬದಿಗೆ ನಡೆದು ಯಾರದೋ ತೋಟದಲ್ಲಿ ಇಳಿಯುತ್ತದೆ. 2023ರ ಫೆಬ್ರವರಿಯಲ್ಲಿ ಕಡಬ ತಾಲೂಕಿನ ರೆಂಜಿಲಾಡಿಯಲ್ಲಿ ಬೆಳಗ್ಗೆ ಹಾಲಿನ ಸೊಸೈಟಿಗೆ ಹೊರಟ ಯುವತಿಯೂ, ಆಕೆಯ ಕೂಗು ಕೇಳಿ ಓಡಿ ಬಂದವರೂ ಆನೆಯ ದಾಳಿಗೆ ಬಲಿಯಾದರು. ಆ ಮನೆಗಳ ಮುಂದೆ ನಿಂತು ಆನೆಯ ಸೌಂದರ್ಯವನ್ನು ವರ್ಣಿಸಲಾಗದು. ಪರಿಸರದ ಮಾತಾಡುವವರು ಈ ಸಾವುಗಳನ್ನು ಬಿಟ್ಟು ಮಾತಾಡಿದರೆ ಹಳ್ಳಿಯ ಜನ ಕಿವಿಗೊಡದಿರುವುದು ನ್ಯಾಯವೇ. ಆನೆಯ ದಾರಿಯನ್ನು ಗುರುತಿಸಿ ಬಿಟ್ಟುಕೊಡಿ ಎನ್ನುವುದು ಆನೆಗಾಗಿ ಎಷ್ಟೋ, ಮುಂಜಾನೆ ಹಾಲು ಒಯ್ಯುವವರಿಗಾಗಿಯೂ ಅಷ್ಟೇ.

ಗುಂಡ್ಯದಲ್ಲಿ 200 ಮೆಗಾವಾಟ್ ಜಲವಿದ್ಯುತ್ ಯೋಜನೆಯ ಮಾತು ಬಂದಾಗ, ಮಾಧವ ಗಾಡ್ಗೀಳರ ನೇತೃತ್ವದ ಪಶ್ಚಿಮಘಟ್ಟ ತಜ್ಞರ ಸಮಿತಿ 2011ರ ವರದಿಯಲ್ಲಿ ಅದಕ್ಕೆ ಅನುಮತಿ ಸಲ್ಲದೆಂದು ಹೇಳಿತು. ಎತ್ತಿನಹೊಳೆಯ ಕತೆ ಬೇರೆಯಾಯಿತು. ಗುಂಡ್ಯದ ಉಪನದಿಗಳಿಗೆ ಎಂಟು ಒಡ್ಡುಗಳನ್ನು ಕಟ್ಟಿ, ಮಳೆಗಾಲದ ನೀರು 24 ಟಿಎಂಸಿಯನ್ನು ಪೂರ್ವದ ಜಿಲ್ಲೆಗಳಿಗೆ ಏರಿಸುವ ಈ ಯೋಜನೆಯ ಮೊದಲ ಹಂತ 2024ರ ಸೆಪ್ಟೆಂಬರಿನಲ್ಲಿ ಉದ್ಘಾಟನೆಯಾಯಿತು. ಕೋಲಾರ, ಚಿಕ್ಕಬಳ್ಳಾಪುರಗಳ ದಾಹ ಸುಳ್ಳಲ್ಲ. ಅದನ್ನು ಹಗುರವಾಗಿ ಕಾಣುವುದು ಸಣ್ಣತನ. ಆದರೆ ಭಾರತೀಯ ವಿಜ್ಞಾನ ಸಂಸ್ಥೆಯ ಟಿ. ವಿ. ರಾಮಚಂದ್ರ ಮತ್ತು ಸಂಗಡಿಗರು 2015ರಲ್ಲಿ ಆ ಜಲಾನಯನದ ಒಟ್ಟು ಇಳುವರಿಯನ್ನು 9.55 ಟಿಎಂಸಿ ಎಂದು ಲೆಕ್ಕ ಹಾಕಿದರು. 24 ಎಲ್ಲಿ, 9.55 ಎಲ್ಲಿ! ಎರಡು ಲೆಕ್ಕಗಳ ನಡುವೆ ಇಷ್ಟು ಅಂತರ ಉಳಿಯಲು ಕಾರಣವೊಂದೇ. ತೊರೆಗಳಲ್ಲಿ ಎಷ್ಟು ನೀರು ಎಷ್ಟು ದಿನ ಹರಿಯುತ್ತದೆ ಎಂಬುದನ್ನು ಹತ್ತಾರು ವರ್ಷ ಹೊಳೆಯ ಬದಿಯಲ್ಲೇ ನಿಂತು ಅಳೆದ ದಾಖಲೆಯ ಬಲ ಯಾವ ಪಕ್ಷಕ್ಕೂ ಸಾಕಷ್ಟಿರಲಿಲ್ಲ.

ಇಲ್ಲಿ ಊರಿನವರ ಕೆಲಸ ಆರಂಭವಾಗುತ್ತದೆ. ಹೆದ್ದಾರಿ ಅಗಲವಾಗಲಿದೆ, ಸುರಂಗ ಬರಲಿದೆ ಎಂಬ ಮಾತುಗಳು ಏಳುತ್ತ ಅಡಗುತ್ತ ಹತ್ತು ವರ್ಷ ಮೀರಿತು. ಯೋಜನೆ ಬಂದಾಗ ಸಾರ್ವಜನಿಕ ಅಹವಾಲು ಸಭೆಯಲ್ಲಿ ಕೃಷಿಕರೊಬ್ಬರು ಎದ್ದು, ತೊರೆ ಮೊದಲು ಏಪ್ರಿಲ್‌ವರೆಗೆ ಹರಿಯುತ್ತಿತ್ತು, ಈಗ ಜನವರಿಗೇ ನಿಲ್ಲುತ್ತದೆ ಎಂದರೆ, ಅಧಿಕಾರಿ ಅದನ್ನು ಅಭಿಪ್ರಾಯವೆಂದು ಬರೆದುಕೊಳ್ಳುತ್ತಾರೆ. ಹದಿನೈದು ವರ್ಷಗಳ ದಿನಾಂಕಗಳಿರುವ ಪುಸ್ತಕವನ್ನು ಮೇಜಿನ ಮೇಲಿಟ್ಟರೆ ಅದು ಸಾಕ್ಷ್ಯ. ಮಳೆ ಅಳೆದು ಬರೆದಿಡುವ ಕೃಷಿಕರು ಈ ಮೂರು ತಾಲೂಕುಗಳಲ್ಲಿ ಅನೇಕರಿದ್ದಾರೆ. ಮಳೆ ನಿಂತ ಮೇಲೆ ತೊರೆಗೆ ಕಲ್ಲು ಮಣ್ಣಿನ ಕಟ್ಟ ಹಾಕುವ ದಿನ, ಕಟ್ಟದ ನೀರು ಮುಗಿಯುವ ದಿನ ಹಿರಿಯರ ಬಾಯಲ್ಲಿ ಇವೆ. ಕಟ್ಟಗಳ ಬಗೆಗೆ ಶ್ರೀಪಡ್ರೆಯವರು ಬರೆಯುತ್ತಲೇ ಬಂದಿದ್ದಾರೆ. ಅಬ್ಬಿ ಬತ್ತಿದ ದಿನವನ್ನು ಬರೆದಿಟ್ಟವರು ಮಾತ್ರ ವಿರಳ.

ಕ್ರಮ ಸರಳವಾಗಿದೆ. ಒಂದು ಶಾಲೆ ಅಥವಾ ಒಂದು ಬೈಲು ಮೂರು ತೊರೆಗಳನ್ನು ಆರಿಸಿಕೊಳ್ಳಲಿ. ಒಂದು ಕಾಡಿನೊಳಗಿಂದ ಬರುವುದು, ಒಂದು ರಬ್ಬರ್ ತೋಟದ ಕೆಳಗಿನದು, ಒಂದು ರಸ್ತೆಗಾಗಿ ಕಡಿದ ಗುಡ್ಡದಿಂದ ಇಳಿಯುವುದು. ಮೂರೂ ಸುಮಾರು ಒಂದೇ ಎತ್ತರದಲ್ಲಿ, ಒಂದೇ ಮಳೆ ಬೀಳುವ ಕಡೆ ಇದ್ದರೆ ಹೋಲಿಕೆಗೆ ಅನುಕೂಲ. ದೀಪಾವಳಿ ಕಳೆದ ಮೇಲೆ ವಾರಕ್ಕೊಮ್ಮೆ, ಒಂದೇ ವಾರ, ಒಂದೇ ಹೊತ್ತಿಗೆ ಹೋಗಬೇಕು. ನೀರು ಸಣ್ಣದಾಗಿ ಒಂದೇ ಧಾರೆಯಲ್ಲಿ ಬೀಳುವ ಜಾಗಕ್ಕೆ ಬಾಳೆ ದಿಂಡಿನ ದೋಣಿಯನ್ನೋ ಅಡಿಕೆ ಮರದ ದಂಬೆಯನ್ನೋ ಇಟ್ಟು, ಹತ್ತು ಲೀಟರಿನ ಬಕೆಟ್ ತುಂಬಲು ಎಷ್ಟು ಸೆಕೆಂಡು ಬೇಕಾಯಿತೆಂದು ಮೂರು ಸಲ ನೋಡಿ ಮೂರನ್ನೂ ಬರೆಯಬೇಕು. ಧಾರೆ ದೊಡ್ಡದಾಗಿ ಬಕೆಟ್ಟಿಗೆ ನಿಲುಕದಿದ್ದರೆ, ಅಲುಗದ ಒಂದು ಬಂಡೆಗೆ ಗುರುತು ಹಾಕಿ ಅದರ ಕೆಳಗೆ ನೀರು ಎಷ್ಟು ಅಂಗುಲ ಇಳಿದಿದೆಯೆಂದು ಬರೆದರೂ ಸಾಕು. ಆ ದಿನ ಕಂಡ ಕಪ್ಪೆ, ಹಕ್ಕಿ, ಹೆಜ್ಜೆ ಗುರುತುಗಳನ್ನು ಊರಿನಲ್ಲಿ ಕರೆಯುವ ಹೆಸರಿನಲ್ಲೇ ಪಕ್ಕದಲ್ಲಿ ಬರೆದುಕೊಳ್ಳಬಹುದು. ಆನೆಯಿರುವ ಕಡೆ ಮಕ್ಕಳು ಒಂಟಿಯಾಗಿ ಹೋಗಬಾರದು, ಬೆಳಗ್ಗೆ ಬಿಸಿಲೇರಿದ ಮೇಲೆಯೇ ಹೊರಡಬೇಕು. ಅಭಯಾರಣ್ಯ, ರಕ್ಷಿತಾರಣ್ಯದ ಒಳಗಿನ ತೊರೆಯಾದರೆ ಅರಣ್ಯ ಇಲಾಖೆಯ ಅನುಮತಿ ಪಡೆಯಬೇಕು. ತೊರೆ ಪೂರ್ತಿ ನಿಂತ ದಿನಾಂಕವನ್ನು ಕೆಂಪು ಶಾಯಿಯಲ್ಲಿ ಬರೆದು, ಪುಸ್ತಕದ ಒಂದು ಪ್ರತಿಯನ್ನು ಶಾಲೆಯಲ್ಲಿ, ಇನ್ನೊಂದನ್ನು ಪಂಚಾಯತ್ ಕಚೇರಿಯಲ್ಲಿ ಇಡಬೇಕು. ಮುಂದಿನ ಮಳೆಗೆ ಅದೇ ತೊರೆಯಲ್ಲಿ ನೀರು ಮತ್ತೆ ಹೊರಟ ದಿನವೂ ಅದೇ ಪುಟದಲ್ಲಿ ಬರಲಿ.